ಆಯಿಲ್ ಸುರಿಯೋ ಮೊದಲು, ಇದ್ದದ್ದು ಎಲ್ಲಿಗೆ ಹೋಯ್ತು ಅಂತ ಕೇಳಿ

ಹಳೇ ಟ್ರಾಕ್ಟರ್ ಇಟ್ಟುಕೊಂಡಿರೋ ಗೆಳೆಯರಿಗೆ ಒಂದು ನೇರ ಪ್ರಶ್ನೆ. ನಿಮ್ಮ ಗಾಡಿಯ ಗೇರ್ ಬಾಕ್ಸ್ ಆಯಿಲ್ ನೋಡುವ ಕಡ್ಡಿ ಎಲ್ಲಿದೆ ಗೊತ್ತಾ? ಇಂಜಿನ್ ಆಯಿಲ್ ಕಡ್ಡಿ ಎಲ್ಲರಿಗೂ ಗೊತ್ತು, ಬೆಳಗ್ಗೆ ಎಳೆದು ನೋಡ್ತೀವಿ. ಹಿಂದಿನ ಆಯಿಲ್ ಮಾತ್ರ ಲಿಫ್ಟ್ ಏಳದ ದಿನವೇ ನೆನಪಾಗೋದು. ಇದು ತಪ್ಪು ಅನ್ನೋದು ನನ್ನ ವಾದ. ಲಿಫ್ಟ್‌ಗಿಂತ ದೊಡ್ಡ ಕಾರಣ ಬ್ರೇಕ್.

ನಮ್ಮಲ್ಲಿ ಓಡುವ ಹಲವು ಟ್ರಾಕ್ಟರ್‌ಗಳಲ್ಲಿ ಗೇರ್, ಡಿಫರೆನ್ಷಿಯಲ್, ಹೈಡ್ರಾಲಿಕ್ ಲಿಫ್ಟ್ ಮೂರಕ್ಕೂ ಒಂದೇ ಆಯಿಲ್. ಆಯಿಲ್ ಬ್ರೇಕ್ ಗಾಡಿಯಾದರೆ ಬ್ರೇಕ್ ಡಿಸ್ಕ್‌ಗಳೂ ಆಯಿಲ್‌ನಲ್ಲೇ ಮುಳುಗಿರ್ತವೆ. ಡ್ರೈ ಬ್ರೇಕ್ ಇರೋ ಹಳೇ ಗಾಡಿಯಲ್ಲಿ ಆಕ್ಸಲ್ ಸೀಲ್ ಸವೆದರೆ ಇದೇ ಆಯಿಲ್ ಸೋರಿ ಬ್ರೇಕ್ ಲೈನಿಂಗ್‌ಗೆ ಮೆತ್ತಿಕೊಳ್ಳುತ್ತೆ. ಹೊಲದಲ್ಲಿ ನಿಧಾನಕ್ಕೆ ಉಳುವಾಗ ಇದು ಗೊತ್ತಾಗಲ್ಲ. ಕಬ್ಬು ತುಂಬಿದ ಟ್ರಾಲಿ ಕಟ್ಟಿಕೊಂಡು ಇಳಿಜಾರು ಇಳಿಯುವಾಗ ಗೊತ್ತಾಗುತ್ತೆ. ಅಷ್ಟೊತ್ತಿಗೆ ತಡವಾಗಿರುತ್ತೆ.

ನೋಡೋದಕ್ಕೆ ಐದು ನಿಮಿಷ ಸಾಕು. ಗಾಡಿ ಸಮತಟ್ಟು ಜಾಗದಲ್ಲಿರಲಿ. ಲಿಫ್ಟ್ ಪೂರ್ತಿ ಇಳಿಸಿ. ಟಿಪ್ಪಿಂಗ್ ಟ್ರಾಲಿ ಕಟ್ಟಿದ್ದರೆ ಅದನ್ನೂ ಇಳಿಸಿ. ಎತ್ತಿದ ಟ್ರಾಲಿಯ ಜಾಕಿಯೊಳಗೆ ನಿಮ್ಮ ಗಾಡಿಯ ಆಯಿಲ್ಲೇ ನಿಂತಿರುತ್ತೆ, ಕಡ್ಡಿಯಲ್ಲಿ ಕಮ್ಮಿ ತೋರಿಸುತ್ತೆ. ಇಂಜಿನ್ ಆಫ್ ಮಾಡಿ, ಸ್ವಲ್ಪ ಹೊತ್ತು ಬಿಟ್ಟು, ಕಡ್ಡಿ ಸುತ್ತಲಿನ ಮಣ್ಣು ಒರೆಸಿ ಎಳೆಯಿರಿ. ಆಟೋಮ್ಯಾಟಿಕ್ ಕಾರಿನ ವಿಡಿಯೋ ನೋಡಿ ಇಂಜಿನ್ ಓಡುವಾಗಲೇ ಎಳೀಬೇಡಿ, ಎಷ್ಟೋ ಕಾರುಗಳ ಕ್ರಮವೇ ಬೇರೆ. ನಿಮ್ಮ ಗಾಡಿಯ ಪುಸ್ತಕ ಬೇರೆ ರೀತಿ ಹೇಳಿದ್ದರೆ ಪುಸ್ತಕದ ಮಾತೇ ಕೊನೆ.

ಮಟ್ಟ ನೋಡಿ ಸುಮ್ಮನಾಗಬೇಡಿ, ಬಣ್ಣವನ್ನೂ ನೋಡಿ. ಹಾಲು ಬೆರೆಸಿದ ಚಹಾದಂತೆ ಕಂಡರೆ ನೀರು ಸೇರಿದೆ ಅಂತ ಅರ್ಥ. ಕೆಸರುಗದ್ದೆಯಲ್ಲಿ ದುಡಿದ ಗಾಡಿ, ಗೇರ್ ಲಿವರ್ ರಬ್ಬರ್ ಹರಿದು ಮಳೆಗೆ ನಿಂತ ಗಾಡಿ, ಇವುಗಳಲ್ಲಿ ಇದು ಸಾಮಾನ್ಯ. ಸುಟ್ಟ ವಾಸನೆ ಬಂದರೆ ಆಯಿಲ್ ಕಾದು ಕೆಟ್ಟಿದೆ. ಬೆರಳಲ್ಲಿ ಉಜ್ಜಿದಾಗ ಮಿನುಗುವ ಪುಡಿ ಸಿಕ್ಕರೆ ಒಳಗೆ ಕಬ್ಬಿಣ ತೇಯ್ತಿದೆ. ಈ ಮೂರರಲ್ಲಿ ಯಾವುದು ಕಂಡರೂ ಮೇಲೆ ಸುರಿದು ಪ್ರಯೋಜನ ಇಲ್ಲ, ಮೆಕ್ಯಾನಿಕ್‌ಗೆ ತೋರಿಸಿ.

“ಸ್ವಲ್ಪ ಕಮ್ಮಿ ಇದ್ರೆ ಒಂದು ಲೀಟರ್ ಹಾಕಿಬಿಡು, ಮುಗೀತು” ಅಂತಾರೆ ಹಿರಿಯರು. ಅವರ ಮೇಲೆ ಗೌರವ ಇದೆ, ಆದರೆ ಈ ಮಾತು ಒಪ್ಪಲ್ಲ. ಗೇರ್ ಬಾಕ್ಸ್ ಆಯಿಲ್ ಡೀಸೆಲ್ ಥರ ಉರಿದು ಖಾಲಿಯಾಗೋದಲ್ಲ. ಕಮ್ಮಿಯಾಗಿದೆ ಅಂದ್ರೆ ಎಲ್ಲೋ ಹೋಗಿದೆ: ಆಕ್ಸಲ್ ಸೀಲಲ್ಲಿ, ಪೈಪಲ್ಲಿ, ಕ್ಲಚ್ ಕಡೆಗೆ, ಇಲ್ಲವೇ ಬಿಚ್ಚಿಟ್ಟ ಪಕ್ಕದವರ ಟ್ರಾಲಿ ಜೊತೆಗೆ. ದಾರಿ ಹುಡುಕದೆ ಸುರಿದರೆ ಸೋರುವ ಕೊಡಕ್ಕೆ ನೀರು ತುಂಬಿದ ಹಾಗೆ.

ಸಿಕ್ಕಿದ ಆಯಿಲ್ ಸುರಿಯೋದು ಇನ್ನೂ ಕೆಟ್ಟದ್ದು. ಆಯಿಲ್ ಬ್ರೇಕ್ ಗಾಡಿಗೆ ಅದಕ್ಕೆಂದೇ ತಯಾರಾದ ಆಯಿಲ್ ಬೇಕು. ಅಂಗಡಿಯವರು ಕೊಟ್ಟ ಯಾವುದೋ ಗೇರ್ ಆಯಿಲ್ ಹಾಕಿದರೆ ಬ್ರೇಕ್ ಕಿರುಗುಟ್ಟಬಹುದು, ನಡುಗಬಹುದು, ಸರಿಯಾಗಿ ಹಿಡಿಯದೇ ಇರಬಹುದು. ಪುಸ್ತಕದಲ್ಲಿರೋ ಗ್ರೇಡ್‌ನ ಫೋಟೋ ಮೊಬೈಲಲ್ಲಿ ಇರಲಿ, ಅಂಗಡಿಯಲ್ಲಿ ತೋರಿಸಿ ಕೇಳಿ.

ಪೂರ್ತಿ ಬದಲಿಸೋದು ದುಬಾರಿ, ಒಪ್ಪುತ್ತೇನೆ. ಎಷ್ಟೋ ಗಾಡಿಗಳಿಗೆ 30–40 ಲೀಟರ್ ಬೇಕು. ಆದರೆ ನೋಡೋದಕ್ಕೆ ದುಡ್ಡಿಲ್ಲ. ತಿಂಗಳಿಗೊಮ್ಮೆ ಕಡ್ಡಿಯನ್ನು ಬಿಳಿ ಬಟ್ಟೆ ಮೇಲಿಟ್ಟು ಒಂದು ಫೋಟೋ ತೆಗೀರಿ, ಜೊತೆಗೆ ಗಂಟೆ ಮೀಟರಿನದ್ದೂ ಇರಲಿ. ಮೂರು ತಿಂಗಳ ಫೋಟೋ ಪಕ್ಕಪಕ್ಕ ಇಟ್ಟರೆ ಮಟ್ಟ ಇಳೀತಿದೆಯಾ, ಬಣ್ಣ ಬದಲಾಗ್ತಿದೆಯಾ ಅಂತ ನಿಮಗೇ ತಿಳಿಯುತ್ತೆ.

ಸೆಕೆಂಡ್ ಹ್ಯಾಂಡ್ ಟ್ರಾಕ್ಟರ್ ನೋಡೋಕೆ ಹೋದಾಗಲೂ ಇಷ್ಟೇ. ಹೊಸ ಪೇಂಟು, ಹೊಸ ಟೈರು ನೋಡಿ ಮರುಳಾಗಬೇಡಿ. ಮೊದಲು ಆ ಕಡ್ಡಿ ಎಳೆಯಿರಿ. ಎಳೆಯೋಕೆ ಬಿಡದವರ ಗಾಡಿ ಎಷ್ಟೇ ಅಗ್ಗವಾದರೂ ಬೇಡ.