ಠಾಣೆಯಲ್ಲಿ ಕೊಂದರೆ ಉಗ್ರವಾದ ಸಾಯುವುದಿಲ್ಲ

ನೈಜೀರಿಯಾದ ಬೊಕೊ ಹರಾಮ್ ಹೆಸರನ್ನು ನಮ್ಮಲ್ಲಿ ಹೆಚ್ಚಿನವರು ಕೇಳಿದ್ದು 2014ರಲ್ಲಿ, ಚಿಬೊಕ್ ಶಾಲೆಯಿಂದ 276 ಹುಡುಗಿಯರನ್ನು ಅದು ಹೊತ್ತೊಯ್ದಾಗ. ಅದಕ್ಕೂ ಮೊದಲು, 2009ರಲ್ಲಿ, ಮೈದುಗುರಿ ಊರಿನಲ್ಲಿ ಅದರ ನಾಯಕ ಮೊಹಮ್ಮದ್ ಯೂಸುಫ್‌ನನ್ನು ಸೈನಿಕರು ಜೀವಂತ ಹಿಡಿದು ಪೊಲೀಸರಿಗೆ ಒಪ್ಪಿಸಿದ್ದರು. ವಿಚಾರಣೆಯೇ ಇಲ್ಲದೆ ಪೊಲೀಸರ ವಶದಲ್ಲೇ ಆತ ಹೆಣವಾದ. ಸಂಘಟನೆ ಮುಗಿಯಲಿಲ್ಲ, ಇನ್ನಷ್ಟು ಕ್ರೂರವಾಗಿ ಎದ್ದಿತು.

2017ರಲ್ಲಿ ವಿಶ್ವಸಂಸ್ಥೆಯ ಯುಎನ್‌ಡಿಪಿ, ಆಫ್ರಿಕಾದಲ್ಲಿ ಉಗ್ರರ ಗುಂಪು ಸೇರಿದ್ದವರನ್ನೇ ಮಾತಾಡಿಸಿತು. ಕೊನೆಗೆ ತಮ್ಮನ್ನು ಅತ್ತ ದೂಡಿದ್ದು ಮನೆಯವರ, ಗೆಳೆಯರ ಕೊಲೆ, ಬಂಧನದಂಥ ಸರ್ಕಾರದ ನಡೆಯೇ ಎಂದವರು ನೂರಕ್ಕೆ 71 ಮಂದಿ.

ಅಮಾಯಕರನ್ನು ಕೊಲ್ಲುವವರಿಗೆ ಶಿಕ್ಷೆ ಆಗಲೇಬೇಕು. ಆದರೆ ಕೋರ್ಟಿನಲ್ಲಿ, ಸಾಕ್ಷಿ ಸಮೇತ. ‘ಎನ್‌ಕೌಂಟರ್ ಮಾಡಿ ಬಿಸಾಕಿ’ ಎಂಬ ಮೆಸೇಜ್ ಬಂದರೆ, ಫಾರ್ವರ್ಡ್ ಮಾಡುವ ಮುನ್ನ ಮೈದುಗುರಿಯನ್ನು ನೆನೆಯೋಣ.