ಇಡುಗಂಟಿನ ಮೇಲೆ ಯಾರ ಹಕ್ಕು?

ಮೂವತ್ತು ಮೂವತ್ತೈದು ವರ್ಷ ದುಡಿದ ನೌಕರನಿಗೆ ಬೀಳ್ಕೊಡುಗೆಯ ಹಾರ ಬೀಳುವ ಮೊದಲೇ ಅವನ ಕೈಸೇರಲಿರುವ ಇಡುಗಂಟಿನ ಲೆಕ್ಕವನ್ನು ಬೇರೆಯವರು ಹಾಕಿ ಮುಗಿಸಿರುತ್ತಾರೆ. ಮಗಳ ಮದುವೆಗೆ ಸಾಲ ಕೊಟ್ಟವರು, ಮನೆ ಕಟ್ಟಲು ಕೊಟ್ಟವರು, ಎಂದೋ ಸಹೋದ್ಯೋಗಿಯೊಬ್ಬನಿಗೆ ಅವನು ಜಾಮೀನು ನಿಂತ ಪತ್ರವನ್ನು ಜೋಪಾನವಾಗಿ ಕಾದಿಟ್ಟ ಬ್ಯಾಂಕು, ಹೀಗೆ. ಈ ಹಣದಿಂದ ಸಾಲವನ್ನು ವಸೂಲು ಮಾಡಿಕೊಳ್ಳಬಹುದೇ?

1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯ 60ನೆಯ ಕಲಮು ಇದಕ್ಕೆ ಕೊಡುವ ಉತ್ತರವನ್ನು ಕಾನೂನಿನ ವಿದ್ಯಾರ್ಥಿಗಳಲ್ಲದವರೂ ಒಮ್ಮೆ ಓದಬೇಕೆಂದು ನನಗನ್ನಿಸುತ್ತದೆ. ಡಿಕ್ರಿ ಪಡೆದವನು ಋಣಿಯ ಯಾವ ಸ್ವತ್ತನ್ನು ಜಪ್ತಿ ಮಾಡಬಾರದೆಂಬ ಪಟ್ಟಿ ಅಲ್ಲಿದೆ. ಉಡುವ ಬಟ್ಟೆ, ಅಡುಗೆಯ ಪಾತ್ರೆ, ಹಾಸಿಗೆ ಹೊದಿಕೆ, ಧರ್ಮದ ರೂಢಿಯಂತೆ ಹೆಣ್ಣು ಮೈಯಿಂದ ಕಳಚಲಾಗದ ಒಡವೆ, ಕಸುಬುದಾರನ ಹತಾರುಗಳು, ರೈತನ ಎತ್ತು ಮತ್ತು ಬಿತ್ತನೆಯ ಕಾಳು. ಇವುಗಳ ಜೊತೆಯಲ್ಲಿಯೇ ಪೆನ್ಷನ್, ಗ್ರಾಟುಯಿಟಿ, ಭವಿಷ್ಯನಿಧಿಗಳೂ ಬರುತ್ತವೆ. ಪರಕೀಯ ಸರ್ಕಾರದ ಕಾಲದಲ್ಲಿ ಬರೆದ ಈ ಒಣ ಪಟ್ಟಿಯಲ್ಲಿ ನನಗೆ ಮನುಷ್ಯನ ಬಾಳು ಕಾಣುತ್ತದೆ. ಇವನ್ನು ಕಿತ್ತುಕೊಂಡರೆ ಸಾಲ ತೀರಬಹುದು, ಮನುಷ್ಯ ಉಳಿಯುವುದಿಲ್ಲ. ಸಂಬಳಕ್ಕೆ ಮಾತ್ರ ಇಷ್ಟು ರಕ್ಷೆಯಿಲ್ಲ. ಮೊದಲ 1000 ರೂಪಾಯಿಯನ್ನು ಬಿಟ್ಟು ಉಳಿದುದರಲ್ಲಿ ಮೂರನೆಯ ಒಂದು ಭಾಗ ಜಪ್ತಿಗೆ ಸಿಗುತ್ತದೆ. ದುಡಿಯುವವನು ನಾಳೆಯೂ ದುಡಿದಾನು, ನಿವೃತ್ತನಿಗೆ ಆ ನಾಳೆಯಿಲ್ಲವಷ್ಟೆ.

ಹಣ ನೌಕರನ ಕೈಸೇರುವ ತನಕ ಅದನ್ನು ಮುಟ್ಟಲಾಗದೆಂದು 1976ರಲ್ಲಿ ಸುಪ್ರೀಂ ಕೋರ್ಟು ಹೇಳಿತ್ತು. ಕೈಸೇರಿದ ಮೇಲೆ? ಪೆನ್ಷನ್ ಮತ್ತು ಗ್ರಾಟುಯಿಟಿಯ ಹಣವನ್ನು ನಿವೃತ್ತನು ಬ್ಯಾಂಕಿನಲ್ಲಿ ನಿಶ್ಚಿತ ಠೇವಣಿಯಾಗಿ ಇಟ್ಟರೂ ಅದರ ಗುಣ ಬದಲಾಗುವುದಿಲ್ಲ, ರಕ್ಷೆಯೂ ತಪ್ಪುವುದಿಲ್ಲವೆಂದು ಅದೇ ನ್ಯಾಯಾಲಯ 2008ರ ನವೆಂಬರಿನಲ್ಲಿ ತೀರ್ಪಿತ್ತಿತು. ಈ ರಕ್ಷೆ ತನಗೆ ಬೇಡವೆಂದು ಋಣಿ ಮುಂಚಿತವಾಗಿ ಬರೆದುಕೊಟ್ಟರೂ ಆ ಕರಾರು ಅಸಿಂಧುವೆಂದು 60ನೆಯ ಕಲಮೇ ಹೇಳುತ್ತದೆ.

ಆದರೂ ಬೇಲಿಯಲ್ಲಿ ಒಂದು ಕಂಡಿ ಉಳಿದಿದೆ. ಸಾಲ ಕೊಟ್ಟ ಬ್ಯಾಂಕೂ ಪೆನ್ಷನ್ ಜಮೆಯಾಗುವ ಬ್ಯಾಂಕೂ ಒಂದೇ ಆದಲ್ಲಿ ಅಮೀನನು ಬಾಗಿಲಿಗೆ ಬರಬೇಕಾದ ಅವಶ್ಯಕತೆಯೇ ಇರುವುದಿಲ್ಲ. ಲೆಕ್ಕದ ಒಂದು ಬದಿಯಿಂದ ಇನ್ನೊಂದು ಬದಿಗೆ ಅಂಕಿಗಳು ಸರಿದರೆ ಸಾಕು. ಪುಸ್ತಕ ತೆರೆದು ನೋಡಿದಾಗಲೇ ಮುದುಕನಿಗೆ ಸುದ್ದಿ ತಿಳಿಯುವುದು. ದೆಹಲಿಯಲ್ಲಿ ತೀರ್ಪೊಂದು ಇದೆಯೆಂಬುದು ಅವನಿಗೇನು ಗೊತ್ತು? ಗೊತ್ತಿದ್ದರೂ ವಕೀಲರ ಫೀಜಿಗೆ ಎಲ್ಲಿಂದ ತರಬೇಕು? ಖಾತೆದಾರನಿಗೆ ತಿಳಿಸದೆ, ಅವನ ಮಾತು ಕೇಳದೆ, ಪೆನ್ಷನ್ ಖಾತೆಯಿಂದ ಒಂದು ಪೈಸೆಯನ್ನೂ ಸರಿಸಕೂಡದು. ಕಷ್ಟವೆಲ್ಲ ದುರ್ಬಲನ ಪಾಲಿಗೆ ಬರುವಂತೆ ಕಾನೂನನ್ನು ನಡೆಸುವುದು ನ್ಯಾಯವಲ್ಲ.

ಸಾಲ ಕೊಟ್ಟವರೆಲ್ಲ ಕ್ರೂರಿಗಳೆಂದು ನನ್ನ ಮಾತಲ್ಲ. ಕಾಗದಪತ್ರವಿಲ್ಲದೆ, ಮುಖ ನೋಡಿ ಹಣ ಕೊಟ್ಟ ನೆರೆಯವರೂ ಅವರಲ್ಲಿದ್ದಾರೆ. ಕಾನೂನು ಅಮೀನನ ಕೈಯನ್ನು ಕಟ್ಟಿದೆಯೇ ಹೊರತು ಸಾಲವನ್ನು ಅಳಿಸಿಲ್ಲ, ಋಣಿಯು ತಾನಾಗಿ ತೀರಿಸುವುದನ್ನು ತಡೆದೂ ಇಲ್ಲ. ಇದ್ದೂ ಕೊಡದೆ 60ನೆಯ ಕಲಮಿನ ಮರೆಯಲ್ಲಿ ಕುಳಿತವನನ್ನು ನಾನು ಹೊಗಳಲಾರೆ. ಆದರೆ ಎಷ್ಟು ಕೊಡಬೇಕು, ಮನೆಯಾಕೆಯ ಔಷಧಿಗೆ ಎಷ್ಟು ತೆಗೆದಿಡಬೇಕು ಎಂಬುದನ್ನು ಅವನೇ ನಿರ್ಧರಿಸಲಿ.

ಜಾಮೀನುದಾರನ ಪಾಡು ಇದಕ್ಕಿಂತ ಬೇರೆ. ಅವನು ಸಾಲದ ಒಂದು ರೂಪಾಯಿಯನ್ನೂ ಕಂಡವನಲ್ಲ. ಈ ಪುಟವನ್ನು ಓದುವ ಉಪಾಧ್ಯಾಯರಲ್ಲಿ, ಬಿಡುವಿನ ವೇಳೆಯಲ್ಲಿ ಗೆಳೆಯನೊಬ್ಬ ಮುಂದಿಟ್ಟ ಕಾಗದಕ್ಕೆ ದಾಕ್ಷಿಣ್ಯದಿಂದ ಸಹಿ ಹಾಕಿದವರು ಎಷ್ಟೋ ಮಂದಿ ಇದ್ದಾರು. ಅಂಥವರು ಆ ಸಾಲ ಈಗ ಎಲ್ಲಿಗೆ ಬಂದಿದೆಯೆಂದು ಸಂಬಳ ಬರುತ್ತಿರುವಾಗಲೇ ವಿಚಾರಿಸಿಕೊಳ್ಳುವುದು ಒಳಿತು.