ಕಾನೂನಿಗಿಂತ ಬಲವಾಗಿದ್ದ ಮೌನ

ಮಕ್ಕಳ ರಕ್ಷಣೆಯ ಕಾನೂನುಗಳು ಜಪಾನಿನ ಮನರಂಜನಾ ಉದ್ಯಮವನ್ನು ತಿದ್ದಿದವು ಎನ್ನುವವರಿದ್ದಾರೆ. ಘಟನೆಗಳ ಕ್ರಮವನ್ನು ನೋಡಿದರೆ ಈ ಮಾತನ್ನು ಒಪ್ಪುವುದು ಕಷ್ಟ.

ಮಕ್ಕಳ ವೇಶ್ಯಾವೃತ್ತಿ ಹಾಗೂ ಮಕ್ಕಳ ಅಶ್ಲೀಲ ಚಿತ್ರಗಳ ವಿರುದ್ಧ ಅಲ್ಲಿ ಕಾಯಿದೆಯಾದದ್ದು 1999ರಲ್ಲಿ. ಅಂಥ ಚಿತ್ರಗಳನ್ನು ಬಳಿಯಲ್ಲಿಟ್ಟುಕೊಳ್ಳುವುದೂ ಅಪರಾಧವೆನಿಸಲು 2014ರ ತಿದ್ದುಪಡಿಯೇ ಬರಬೇಕಾಯಿತು. 2000ದ ಮಕ್ಕಳ ದೌರ್ಜನ್ಯ ತಡೆ ಕಾಯಿದೆಯಾದರೋ ಪೋಷಕರು ಎಸಗುವ ಹಿಂಸೆಯನ್ನಷ್ಟೇ ದೌರ್ಜನ್ಯವೆಂದು ಕರೆಯಿತು. ಮಗುವಿನಿಂದ ದುಡಿಸಿಕೊಳ್ಳುವ ಯಜಮಾನ ಆ ವ್ಯಾಖ್ಯೆಯೊಳಗೆ ಬರಲೇ ಇಲ್ಲ.

ಅಂಥ ಯಜಮಾನನೊಬ್ಬನಿದ್ದ, ಜಾನಿ ಕಿತಾಗಾವಾ. ಬಾಲಕರನ್ನು ಆರಿಸಿ, ಹಾಡು ಕುಣಿತಗಳಲ್ಲಿ ಪಳಗಿಸಿ, ತಾರೆಯರನ್ನಾಗಿ ಮಾಡುತ್ತಿದ್ದ ಸಂಸ್ಥೆಯ ಒಡೆಯ. ಆತ ಬಾಲಕರ ಮೇಲೆ ಲೈಂಗಿಕ ದೌರ್ಜನ್ಯ ಎಸಗುತ್ತಿದ್ದಾನೆಂದು ‘ಶೂಕಾನ್ ಬುನ್‌ಶುನ್’ ವಾರಪತ್ರಿಕೆ ಬರೆದದ್ದೂ ಅದೇ 1999ರಲ್ಲಿಯೇ. ಆತ ಮಾನನಷ್ಟ ಮೊಕದ್ದಮೆ ಹೂಡಿದ. 2003ರಲ್ಲಿ ಟೋಕಿಯೊ ಹೈಕೋರ್ಟು ಆರೋಪದ ಮುಖ್ಯಭಾಗ ಸತ್ಯವೆಂದಿತು. 2004ರಲ್ಲಿ ಸುಪ್ರೀಂ ಕೋರ್ಟು ಮೇಲ್ಮನವಿಯನ್ನು ತಳ್ಳಿಹಾಕಿತು. ಇನ್ನೇನು ಬೇಕಿತ್ತು? ಆದರೆ ದೊಡ್ಡ ಪತ್ರಿಕೆಗಳೂ ಟಿ.ವಿ. ವಾಹಿನಿಗಳೂ ತುಟಿ ಬಿಚ್ಚಲಿಲ್ಲ. ಆತನ ಹುಡುಗರಿಲ್ಲದೆ ವಾಹಿನಿಗಳ ಕಾರ್ಯಕ್ರಮ ನಡೆಯುವಂತಿರಲಿಲ್ಲವಷ್ಟೆ! ಆತನ ಮೇಲೆ ಕ್ರಿಮಿನಲ್ ಮೊಕದ್ದಮೆ ಕೊನೆಗೂ ದಾಖಲಾಗಲಿಲ್ಲ. 2019ರಲ್ಲಿ ಆತ ಸತ್ತಾಗ ಹೊಗಳಿಕೆಯೇ ಹರಿಯಿತು.

ಮೌನ ಮುರಿದದ್ದು 2023ರ ಮಾರ್ಚಿಯಲ್ಲಿ, ಬಿಬಿಸಿಯ ಸಾಕ್ಷ್ಯಚಿತ್ರದಿಂದ. ಬಳಿಕ ಸಂತ್ರಸ್ತರು ಮುಖ ತೋರಿಸಿಯೇ ಮಾತನಾಡಿದರು. ಆಗಸ್ಟಿನಲ್ಲಿ ತನಿಖಾ ಸಮಿತಿಯು, ದೌರ್ಜನ್ಯ 1950ರ ದಶಕದಿಂದ 2010ರ ದಶಕದ ಮಧ್ಯದವರೆಗೂ ನಡೆಯಿತೆಂದೂ ಸಂತ್ರಸ್ತರು ನೂರಾರು ಮಂದಿಯೆಂದೂ ವರದಿ ಮಾಡಿತು. ಮಾಧ್ಯಮಗಳ ಮೌನವನ್ನೂ ಕಾರಣಗಳಲ್ಲೊಂದಾಗಿ ಎಣಿಸಿತು. ಸೆಪ್ಟೆಂಬರಿನಲ್ಲಿ ಸಂಸ್ಥೆ ತಪ್ಪೊಪ್ಪಿಕೊಂಡಿತು. ಜಾಹೀರಾತುದಾರರು ಹಿಂದೆ ಸರಿದರು. ಇಪ್ಪತ್ತು ವರ್ಷ ಅವರಿಗೆ ಈ ಕೋರ್ಟು ತೀರ್ಪು ಕಾಣಿಸಿರಲಿಲ್ಲವೇ?

ಕಾನೂನು ನಿರರ್ಥಕವೆಂದು ನಾನು ಹೇಳುತ್ತಿಲ್ಲ. ಜಪಾನಿನಲ್ಲಿ 2017ರವರೆಗೆ ಗಂಡುಮಗುವಿನ ಮೇಲಿನ ಅತ್ಯಾಚಾರ ಕಾನೂನಿನ ಕಣ್ಣಿಗೆ ಅತ್ಯಾಚಾರವೇ ಆಗಿರಲಿಲ್ಲ. ಲೈಂಗಿಕ ಸಮ್ಮತಿಯ ವಯಸ್ಸು 1907ರಿಂದ 13 ಆಗಿದ್ದುದು 2023ರಲ್ಲಿ 16ಕ್ಕೆ ಏರಿತು. ಇವು ಬೇಕಾಗಿದ್ದ ತಿದ್ದುಪಡಿಗಳೇ. ಆದರೆ ತೀರ್ಪು ಹೊರಬಿದ್ದ ಮೇಲೂ ಬಾಲಕರು ಆ ಮನೆಯ ಮೆಟ್ಟಿಲೇರುತ್ತಲೇ ಇದ್ದರೆಂಬುದನ್ನು ಯಾವ ತಿದ್ದುಪಡಿಯೂ ಅಳಿಸಲಾರದು.

ಮಕ್ಕಳೊಡನೆ ಕೆಲಸಮಾಡುವವರ ಹಿಂದಿನ ಲೈಂಗಿಕ ಅಪರಾಧಗಳನ್ನು ಪರಿಶೀಲಿಸಬೇಕೆಂಬ ಕಾಯಿದೆ 2024ರ ಜೂನಿನಲ್ಲಿ ಅಲ್ಲಿ ಅಂಗೀಕಾರವಾಯಿತು. ಶಾಲೆಗಳಿಗೆ ಅದು ಕಡ್ಡಾಯ. ಖಾಸಗಿ ತರಬೇತಿ ಸಂಸ್ಥೆಗಳು ಮಾತ್ರ ಇಷ್ಟವಿದ್ದರೆ ಸೇರಬಹುದಂತೆ. ಕಿತಾಗಾವಾ ನಡೆಸುತ್ತಿದ್ದುದು ಶಾಲೆಯನ್ನಲ್ಲ.